ನಾಯಿಗೆ ಹಗ್ಗ ಕಲಿಸಿದ್ದು

ಚಿತ್ರದುರ್ಗದ ದೊಡ್ಡಪೇಟೆಯಲ್ಲಿ ನಾಯಿಯ ಕೊರಳಿಗೆ ಹಗ್ಗ ಹಾಕಿ, ಅದರ ಇನ್ನೊಂದು ತುದಿಯನ್ನು ಮನುಷ್ಯನೊಬ್ಬ ಕೈಯಲ್ಲಿ ಹಿಡಿದು, ಇಬ್ಬರೂ ಯಾವ ಕೆಲಸವೂ ಇಲ್ಲದೆ ನಡೆದುಹೋಗಬಹುದು ಎಂಬ ವಿಚಾರ ನಮ್ಮ ಕಾಲದಲ್ಲಿ ಯಾರ ತಲೆಗೂ ಹೊಳೆದಿರಲಿಲ್ಲ. ಹಗ್ಗ ಇದ್ದದ್ದು ಎತ್ತಿಗೆ, ಎಮ್ಮೆಗೆ, ಬಾವಿಯ ಕೊಡಕ್ಕೆ. ನಾಯಿ ತನ್ನ ಪಾಡಿಗೆ ತಾನು ಹೋಗುತ್ತಿತ್ತು, ಮನುಷ್ಯ ತನ್ನ ಪಾಡಿಗೆ. ದಾರಿಯಲ್ಲಿ ಎದುರಾದರೆ ಒಬ್ಬರನ್ನೊಬ್ಬರು ಗುರುತು ಹಿಡಿಯುತ್ತಿದ್ದರು. ಅದಕ್ಕಿಂತ ಹೆಚ್ಚಿನ ಸಲಿಗೆ ಎರಡು ಕಡೆಯೂ ಇರಲಿಲ್ಲ.

ಮೊದಲ ಮಹಾಯುದ್ಧಕ್ಕೆ ಎರಡು ಮೂರು ವರ್ಷ ಮುಂಚಿನ ಮಾತು. ಊರಿಗೆ ಇನ್ನೂ ರೈಲು ಬಂದಿರಲಿಲ್ಲ. ಸಂಜೆಯಾದರೆ ಏಣಿ ಹೊತ್ತ ಒಬ್ಬ ಮನುಷ್ಯ ಬಂದು ಬೀದಿಯ ಕಂಬಗಳ ದೀಪಕ್ಕೆ ಸೀಮೆಎಣ್ಣೆ ಹಾಕಿ ಹೋಗುತ್ತಿದ್ದ. ಅವನು ಹಚ್ಚಿದ ಬೆಳಕಿನಲ್ಲಿ ಕಾಣುತ್ತಿದ್ದದ್ದು ಮುಖ್ಯವಾಗಿ ಆ ಕಂಬಗಳೇ. ಹಿಂದೆ ಬೆಟ್ಟ, ಬೆಟ್ಟದ ಮೇಲೆ ಕೋಟೆಯ ಗೋಡೆ, ಗೋಡೆಯ ಮೇಲೆ ಯಾರಿಗೂ ಬೇಡವಾದ ಹುಲ್ಲು. ಆ ಊರನ್ನು ನೆನೆದರೆ ನನಗೆ ಈಗಲೂ ಮೊದಲು ಬರುವುದು ಬಿಸಿಲಿಗೆ ಕಾದ ಬಂಡೆಯ ವಾಸನೆ. ಬಂಡೆಗೆ ವಾಸನೆಯುಂಟೇ ಎಂದು ಕೇಳುವವರು ಅಲ್ಲಿ ಒಂದು ಬೇಸಗೆ ಕಳೆದು ಬಂದು ಆಮೇಲೆ ಕೇಳಲಿ.

ನಾನು ಹೊಸದುರ್ಗದವನು. ಅಲ್ಲಿಂದ ಬಂದು ಚಿತ್ರದುರ್ಗದ ಕಚೇರಿಯಲ್ಲಿ ಹಂಗಾಮಿ ಗುಮಾಸ್ತನಾಗಿದ್ದೆ. ಹಂಗಾಮಿ ಎಂದರೆ, ಕುರ್ಚಿ ಸರ್ಕಾರದ್ದು, ಭಯ ನಮ್ಮದು. ಆ ವರ್ಷವೇ ಮದುವೆಯಾಗಿ ಮನೆ ಮಾಡಿದ್ದೆ. ನಮ್ಮಾಕೆ ಐಮಂಗಲದ ಕಡೆಯ ಒಕ್ಕಲು ಮನೆತನದವಳು. ಆಕೆಯ ಜೊತೆ ಬಂದದ್ದು ಈ ನಾಯಿ.

ಅದು ಬಂದ ಬಗೆಯನ್ನು ಹೇಳಬೇಕು. ಸುಗ್ಗಿ ಮುಗಿದ ಮೇಲೆ ನಮ್ಮ ಕಡೆ ಹೊಲದಲ್ಲಿ ಕುರಿ ನಿಲ್ಲಿಸುವ ಪದ್ಧತಿಯಿದೆ. ಕುರಿಯವರು ಮಂದೆ ಹೊಡೆದುಕೊಂಡು ಬಂದು ರಾತ್ರಿ ಹೊಲದಲ್ಲಿ ತಂಗುತ್ತಾರೆ. ಹೊಲಕ್ಕೆ ಗೊಬ್ಬರವಾಗುತ್ತದೆ, ಅವರಿಗೆ ಕಾಳು ಸಿಗುತ್ತದೆ. ಹಾಗೆ ಒಂದು ವರ್ಷ ಮಾವನವರ ಹೊಲಕ್ಕೆ ಬಂದ ಮಂದೆಯ ಒಂದು ನಾಯಿಯ ಹಿಂಗಾಲಿನ ಮೇಲೆ ಗಾಡಿ ಚಕ್ರ ಹರಿದಿತ್ತು. ಕುರಿಯವರು ಮೂರು ದಿನ ಕಾದರು. ಮಂದೆ ಯಾರಿಗೂ ಕಾಯುವುದಿಲ್ಲ. ನಾಯಿಯನ್ನು ಹೊಲದ ಬದುವಿನಲ್ಲಿ ಬಿಟ್ಟು ಹೊರಟರು. ಆಗಿನ್ನೂ ಮದುವೆಯಾಗದ ನಮ್ಮಾಕೆ ಅದಕ್ಕೆ ಮಜ್ಜಿಗೆಯಲ್ಲಿ ಕಲಸಿದ ಮುದ್ದೆ ಹಾಕಿ ಸಾಕಿಕೊಂಡಳು. ಕಾಲು ಕೂಡಿಕೊಂಡಿತು, ಸೊಟ್ಟಗೆ. ಊರೊಳಗೆ ಓಡಾಡುವುದಕ್ಕೆ ಸಾಲುತ್ತಿತ್ತು, ದಿನಕ್ಕೆ ಹತ್ತು ಮೈಲಿ ಮಂದೆಯ ಹಿಂದೆ ಹೋಗುವುದಕ್ಕಲ್ಲ.

ಆಕೆಯನ್ನು ಕರೆದುಕೊಂಡು ನಾನು ಗಾಡಿಯಲ್ಲಿ ಹೊರಟ ದಿನ ಗಾಡಿಯ ಅಚ್ಚಿನ ಕೆಳಗಿನ ನೆರಳಿನಲ್ಲಿ ಅದೂ ನಡೆದು ಬಂತು. ಎರಡು ಮೈಲಿ ಆದಮೇಲೆ ನಾನು ಬಗ್ಗಿ ನೋಡಿ, ಇದೇನು ಎಂದೆ.

"ಅದು ಬಂದ್ರೆ ನಿಮಗೇನು ಭಾರ? ನಿಮ್ಮ ಗಾಡಿ ಹತ್ತೇತಾ?" ಎಂದಳು.

ಮದುವೆಯಾದ ಮೇಲೆ ಆಕೆ ನನ್ನೊಡನೆ ಆಡಿದ ಮೊದಲನೆಯ ಉದ್ದನೆಯ ವಾಕ್ಯ ಅದೇ. ಗಾಡಿ ಮುಂದೆ ಹೋಯಿತು. ಒಂದು ಸಲ ಮಾವನವರು ಬಂದಾಗ ನಾಯಿಯನ್ನು ವಾಪಸು ಕರೆದೊಯ್ದು ನೋಡಿದರು. ನಾಲ್ಕನೆಯ ದಿನ ಬೆಳಿಗ್ಗೆ ನಮ್ಮ ಬಾಗಿಲಲ್ಲಿ ಅಂಗಾಲು ಸವೆದು ಮಲಗಿತ್ತು. ಅಂದಿನಿಂದ ಅದರ ವರ್ಗಾವಣೆಯ ವಿಚಾರ ಯಾರೂ ಎತ್ತಲಿಲ್ಲ. ಅದಕ್ಕೆ ಹೆಸರಿರಲಿಲ್ಲ. ನಮ್ಮಾಕೆ "ಬಾರಪ್ಪ" ಎನ್ನುತ್ತಿದ್ದಳು, ಅದು ಬರುತ್ತಿತ್ತು. ಕಂದು ಮೈ, ಮುರಿದು ಬಿದ್ದ ಒಂದು ಕಿವಿ, ಮುಖದಲ್ಲಿ ಮಾತ್ರ ಅಮಲ್ದಾರರಲ್ಲೂ ನಾನು ಕಾಣದಂಥ ಗಾಂಭೀರ್ಯ.

ಹೀಗಿರುವಾಗ ಸಂತೆ ಹೊಂಡದ ಹತ್ತಿರ ಹುಚ್ಚುನಾಯಿಯೊಂದು ಇಬ್ಬರನ್ನು ಕಡಿಯಿತು. ಹುಚ್ಚುನಾಯಿ ಕಡಿದವರನ್ನು ಚುಚ್ಚುಮದ್ದಿಗೆ ನೀಲಗಿರಿ ಬೆಟ್ಟದವರೆಗೆ ಕಳುಹಿಸಬೇಕಾಗಿದ್ದ ಕಾಲ. ಊರು ಹೆದರಿತು. ವಾರ ಕಳೆಯುವುದರೊಳಗೆ ಬೀದಿಯಲ್ಲಿ ತಮಟೆ ಬಡಿದರು.

"ಕೇಳ್ರಪ್ಪೋ ಕೇಳ್ರಿ! ನಾಯಿ ಸಾಕಿದೋರು ನಾಯಿ ಕೊರಳಿಗೆ ಪಟ್ಟಿ ಹಾಕಿ, ಹಗ್ಗ ಹಿಡ್ಕಂಡು, ಹದಿನೈದು ದಿನದಾಗೆ ದೊಡ್ಡಪೇಟೆ ಆ ತುದಿಯಿಂದ ಚಾವಡಿ ತನಕ ನಡೆಸ್ಕಂಡು ಬಂದು ಬಿಲ್ಲೆ ಇಸ್ಕಬೇಕು! ಹೊತ್ಕಂಡು ಬಂದ್ರೆ ಇಲ್ಲ! ಎಳ್ಕಂಡು ಬಂದ್ರೆ ಇಲ್ಲ! ಬಿಲ್ಲೆ ಇಲ್ದಿರೋ ನಾಯಿ ಹದಿನಾರನೇ ದಿನದಿಂದ ಸರ್ಕಾರದ್ದು!"

ಸರ್ಕಾರದ್ದು ಎಂದರೆ ಏನೆಂದು ಎಲ್ಲರಿಗೂ ಗೊತ್ತಿತ್ತು. ಬಡಿಗೆ ಹಿಡಿದ ನಾಲ್ಕು ಜನರನ್ನೂ ಒಂದು ಗಾಡಿಯನ್ನೂ ಅದಕ್ಕಾಗಿ ಗೊತ್ತುಮಾಡಿದ್ದರು. ಆ ಗಾಡಿ ಚಾವಡಿಯ ಪಕ್ಕದಲ್ಲೇ ಎಲ್ಲರಿಗೂ ಕಾಣುವಂತೆ ನಿಂತಿತ್ತು.

ನಮ್ಮಾಕೆ ಅಂದು ಊಟ ಬಡಿಸುವಾಗ ಸಾರು ಹಾಕಿ, ಸೌಟನ್ನು ಪಾತ್ರೆಯ ಮೇಲಿಟ್ಟು, "ಕಲಿಸ್ತೀರಲ್ಲ?" ಎಂದಳು.

"ಕಲಿಸದೆ ಏನು? ನಾಯಿ ತಾನೆ" ಎಂದೆ. ಸರ್ಕಾರಿ ನೌಕರನಿಗೆ ಇರಬೇಕಾದ ಆತ್ಮವಿಶ್ವಾಸ ಆ ವಯಸ್ಸಿನಲ್ಲಿ ನನ್ನಲ್ಲಿ ಧಾರಾಳವಾಗಿತ್ತು.

ಮಾರನೆಯ ಬೆಳಿಗ್ಗೆ ನಾಯಿ ಕೊರಳಪಟ್ಟಿ ಕಟ್ಟಿಸಿಕೊಂಡಿತು. ಹಗ್ಗ ಬಿಗಿಸಿಕೊಂಡಿತು. ಇಷ್ಟರವರೆಗೆ ಅದರ ನಡತೆಯಲ್ಲಿ ದೋಷ ಹೇಳುವಂತಿರಲಿಲ್ಲ. ನಾನು ಹಗ್ಗದ ತುದಿ ಹಿಡಿದು ಹೊಸ್ತಿಲಿಳಿದು, ನಾಲ್ಕು ಹೆಜ್ಜೆ ನಡೆದು, ಬರುತ್ತಿದೆಯೇ ಎಂದು ಹಿಂದಕ್ಕೆ ತಿರುಗಿದೆ. ಬರುತ್ತಿತ್ತು. ನಾನು ತಿರುಗಿದ ತಕ್ಷಣ ಕುಳಿತುಕೊಂಡಿತು. ಬಾ ಎಂದೆ. ನನ್ನ ಮುಖವನ್ನೇ ನೋಡುತ್ತ ಕುಳಿತಿತ್ತು. ಬೆಲ್ಲ ತೋರಿಸಿದೆ. ಬೆಲ್ಲವನ್ನು ನೋಡಿತು, ನನ್ನನ್ನು ನೋಡಿತು, ಜೊಲ್ಲು ಸುರಿಸಿತು, ಏಳಲಿಲ್ಲ. ಹಗ್ಗ ಎಳೆದೆ. ಮಲಗಿತು. ಮಲಗಿದ ನಾಯಿಯನ್ನು ಎಳೆಯುವುದು ಎಷ್ಟು ಕಷ್ಟ ಎಂಬುದು ಎಳೆದವರಿಗೇ ಗೊತ್ತು. ಮೂರು ಮನೆ ದಾಟುವುದರೊಳಗೆ ನಾನು ಬೆವೆತಿದ್ದೆ, ಬೀದಿ ನೆರೆದಿತ್ತು.

"ಏನ್ ಗುಮಾಸ್ತ್ರೆ, ಹೂಳಾಕೆ ಒಯ್ತೀರಾ?" ಎಂದು ಒಬ್ಬ.

"ಸತ್ತಿಲ್ಲ ಕಣಲೇ, ನೋಡ್ತಾ ಐತೆ" ಎಂದು ಇನ್ನೊಬ್ಬ.

"ಸಾಯಾಕೆ ಮುಂಚೇನೇ ಒಯ್ತಾ ಇದ್ರೆ ಅದಕ್ಕೂ ಕಚೇರಿ ಅಪ್ಪಣೆ ಬೇಕೇನಪ್ಪ!"

ಹೀಗೆ ಐದು ದಿನ. ಮುಂದಿನಿಂದ ಕರೆದೆ, ಗದರಿದೆ, ಕೈಮುಗಿದೆ. ನಮ್ಮಾಕೆ ಹಿಂದಿನಿಂದ ಸೊಂಟ ಹಿಡಿದು ನೂಕಿದಳು. ಯಾವುದಕ್ಕೂ ಅದರ ಕಡೆಯಿಂದ ಸಿಟ್ಟಿಲ್ಲ, ಗುರುಗುಟ್ಟಿದ್ದಿಲ್ಲ. ನಾನು ಎದುರಿಗೆ ನಿಂತಷ್ಟು ಹೊತ್ತೂ ಅದು ಕಲ್ಲಿನ ಬಸವನಂತೆ ಕುಳಿತಿರುತ್ತಿತ್ತು.

ಆರನೆಯ ದಿನ ನಮ್ಮ ಮನೆಯ ಯಜಮಾನರು ಮಧ್ಯಸ್ಥಿಕೆ ವಹಿಸಿದರು. ನಾವಿದ್ದದ್ದು ಅವರ ಮನೆಯ ಹಿಂಭಾಗದಲ್ಲಿ. ಅವರು ಹತ್ತಿ ವ್ಯಾಪಾರ ಬಿಟ್ಟು ಮನೆಯಲ್ಲಿ ಕುಳಿತ ಮುದುಕರು. ಎಳೆಯ ವಯಸ್ಸಿನಲ್ಲಿ ಬೇಸಾಯ ಮಾಡಿದ್ದವರಾದ್ದರಿಂದ ಜಗತ್ತಿನ ಸಕಲ ಸಮಸ್ಯೆಗಳನ್ನೂ ಹೋರಿಯ ಲೆಕ್ಕದಲ್ಲಿ ನೋಡುತ್ತಿದ್ದರು. ಜಗಲಿಯ ಮೇಲೆ ಕುಳಿತು ನನ್ನ ಸಾಹಸವನ್ನೆಲ್ಲ ಗಮನಿಸಿದ್ದರು.

"ಗುಮಾಸ್ತ್ರೆ, ಇಲ್ಲಿ ಕುಂತ್ಕಳ್ರಿ" ಎಂದರು. "ಹೊಸ ಹೋರೀನ ನೊಗಕ್ಕೆ ಕಲಿಸೋವಾಗ ಒಂದನ್ನೇ ಹೂಡ್ತಾರೇನ್ರಿ? ಪಳಗಿದ ಎತ್ತಿನ ಜೊತೆ ಹೂಡಬೇಕು. ಅದು ನಡೆದಂಗೆ ಇದೂ ನಡೀತೈತೆ. ಎಂಟು ದಿನಕ್ಕೆ ತಾನೇ ತಾನಾಗಿ ಬರ್ತೈತೆ."

"ಪಳಗಿದ ನಾಯಿ ಎಲ್ಲಿಂದ ತರೋದು ಯಜಮಾನ್ರೇ? ಊರಾಗೆ ಹಗ್ಗ ಕಲ್ತ ನಾಯಿ ಒಂದಾದ್ರೂ ಐತಾ?"

ಯಜಮಾನರು ಗಂಭೀರವಾಗಿ ಯೋಚಿಸಿದರು. ಅಂಗಳದಲ್ಲಿ ಅವರ ಮೇಕೆ ಮೆಲುಕು ಹಾಕುತ್ತಿತ್ತು. ಕೆಮ್ಮಿಗೆಂದು ದಿನಾ ಬೆಳಿಗ್ಗೆ ಅದರ ಹಾಲು ಕುಡಿಯುತ್ತಿದ್ದರು. ಹಗ್ಗ ಹಿಡಿದರೆ ಸಾಕು, ಕಾಶಿಯವರೆಗೂ ಬರುವಂಥ ಸಾಧು ಮೇಕೆ.

"ಇದೈತಲ್ಲ" ಎಂದರು.

ಆ ಕ್ಷಣದಲ್ಲಿ ನಮ್ಮಿಬ್ಬರಿಗೂ ಅದು ಅತ್ಯಂತ ತರ್ಕಬದ್ಧವಾಗಿ ಕಂಡಿತು. ಮೇಕೆಯ ಕೊರಳಿಗೂ ನಾಯಿಯ ಕೊರಳಿಗೂ ಒಂದು ಮೊಳದ ಹಗ್ಗ ಜೋಡಿಸಿ, ಮೇಕೆಯ ಹಗ್ಗವನ್ನು ನಾನು ಹಿಡಿದು ಹೊರಟೆ. ಮೇಕೆ ನಡೆಯಿತು. ನಾಯಿಯೂ ನಡೆಯಿತು. ಬೀದಿಯ ಕೊನೆಯವರೆಗೆ ಹೋಗಿ ತಿರುಗಿ ಬಂದೆವು. ನಮ್ಮಾಕೆ ಬಾಗಿಲಲ್ಲಿ ನಿಂತು ಸೆರಗಿನಲ್ಲಿ ಕಣ್ಣೊರೆಸಿಕೊಂಡಳು. ಯಜಮಾನರು ಜಗಲಿಯ ಮೇಲಿನಿಂದ, "ಹೆಂಗೆ?" ಎಂದರು.

ಎಡವಟ್ಟು ಗೊತ್ತಾದದ್ದು ಮಾರನೆಯ ಬೆಳಿಗ್ಗೆ. ಯಜಮಾನರು ಚೊಂಬು ಹಿಡಿದು ಹಾಲು ಕರೆಯಲು ಹೋದಾಗ ನಾಯಿ ಮೇಕೆಗೆ ಅಡ್ಡ ನಿಂತು, ಬಂದ ದಿನದಿಂದ ಮೊದಲನೆಯ ಸಲ ಹಲ್ಲು ತೋರಿಸಿತು. ಹುಟ್ಟಿದಂದಿನಿಂದ ಕುರಿ ಕಾದ ನಾಯಿ. ಅಷ್ಟು ದಿನ ಕೆಲಸವಿಲ್ಲದೆ ಕೂತಿದ್ದಕ್ಕೆ ಕೊನೆಗೂ ಒಂದು ಮಂದೆಯನ್ನು ವಹಿಸಿಕೊಟ್ಟಿದ್ದಾರೆ ಎಂದು ಅದು ತಿಳಿದಿತ್ತು. ಒಂದೇ ತಲೆಯ ಮಂದೆ. ಆದರೂ ಹೊಣೆ ಹೊಣೆಯೇ.

"ಗುಮಾಸ್ತ್ರೇ! ಮೊದ್ಲು ನನ್ನ ಮೇಕೆ ನನಗೆ ಬಿಡಿಸಿಕೊಡ್ರಿ!"

ಯಜಮಾನರು ಮೂರು ದಿನ ಹಾಲಿಲ್ಲದೆ ಕೆಮ್ಮಿದರು. ನಾಲ್ಕನೆಯ ದಿನ ನಮ್ಮಾಕೆ ನಾಯಿಯನ್ನು ಒಳಗೆ ಕೂಡಿಹಾಕಿ ಮೇಕೆಯನ್ನು ಅವರಿಗೆ ಒಪ್ಪಿಸಿದಳು. ಮೇಕೆಯಿಲ್ಲದೆ ನಾಯಿಯೊಂದನ್ನೇ ಹೊರಗೆ ತಂದು ನೋಡಿದೆ. ನಾಲ್ಕು ಹೆಜ್ಜೆ, ತಿರುಗಿದೆ, ಕುಳಿತಿತು. ಇನ್ನು ಉಳಿದದ್ದು ಐದು ದಿನ.

ಮೇಕೆಯೊಂದಿಗೆ ಬಂದರೆ ಬಿಲ್ಲೆ ಕೊಡುತ್ತೀರಾ ಎಂದು ಮಾರನೆಯ ದಿನ ಚಾವಡಿಯಲ್ಲಿ ಕೂರುತ್ತಿದ್ದ ದಫೇದಾರನನ್ನು ಕೇಳಿದೆ. ಅವನು ಹುಕುಮಿನ ಕಾಗದವನ್ನು ಮೇಲಿನಿಂದ ಕೆಳಗೆ ಓದಿ, ಹಿಂದುಮುಂದು ತಿರುಗಿಸಿ, "ಇದರಾಗೆ ಮೇಕೆ ಇಲ್ಲ ಸಾಹೇಬ್ರೆ. ಮೇಕೆ ಜೋಡಿ ಬಂದ್ರೆ ಬಿಲ್ಲೆ ಯಾರಿಗೆ ಕಟ್ಲಿ?" ಎಂದ. ನ್ಯಾಯವಾದ ಪ್ರಶ್ನೆ.

ಅಂದು ರಾತ್ರಿ ನಮ್ಮಾಕೆ ಉಣ್ಣಲಿಲ್ಲ. "ಅದನ್ನ ಸಾಕಿ ಉಳಿಸಿದ್ದು ಬಡಿಗೆಗೆ ಕೊಡಾಕಾ?" ಎಂದಷ್ಟೇ ಕೇಳಿದಳು. ಹದಿನೇಳು ವರ್ಷದ ಹುಡುಗಿ. ಆ ಊರಿನಲ್ಲಿ ಆಕೆಗೆ ನನಗಿಂತ ಹಳೆಯ ಪರಿಚಯ ಅದೊಂದೇ. ದೀಪ ಸಣ್ಣದು ಮಾಡುತ್ತ ಆಕೆಯೇ, "ಆ ಕುರಿಯೋರ ಮಂದೆ ಈ ತಿಂಗಳು ಹೊಳಲ್ಕೆರೆ ದಿಕ್ಕಿಗೆ ಬರ್ತೈತೆ. ಅವರನ್ನಾದ್ರೂ ಕೇಳಬಾರ್ದಾ?" ಎಂದಳು. ಹನ್ನೊಂದು ದಿನ ಈ ಮಾತು ನನಗೆ ಹೊಳೆದಿರಲಿಲ್ಲ. ಕುರಿಯವರನ್ನು ಕೇಳುವುದು ಗುಮಾಸ್ತನ ಕಾರ್ಯವಿಧಾನದಲ್ಲಿ ಇಲ್ಲ.

ಮಾರನೆಯ ದಿನ ಭಾನುವಾರ. ಹಗ್ಗವನ್ನು ಕೋಟಿನ ಜೇಬಿಗೆ ಹಾಕಿಕೊಂಡು ಹೊಳಲ್ಕೆರೆ ರಸ್ತೆ ಹಿಡಿದು ವಿಚಾರಿಸುತ್ತ ನಡೆದೆ. ಮೂರು ಮೈಲಿಯಾಚೆ ಒಂದು ಜೋಳದ ಕೂಳೆ ಹೊಲದಲ್ಲಿ ಮಂದೆ ಸಿಕ್ಕಿತು. ಮಾವನವರ ಹೊಲಕ್ಕೆ ಬರುತ್ತಿದ್ದ ಮುದುಕ ಹೆಗಲ ಮೇಲೆ ಕಂಬಳಿ ಹಾಕಿಕೊಂಡು, ನಿಂತಲ್ಲೇ ಕದಿರು ತಿರುಗಿಸುತ್ತ ಉಣ್ಣೆ ನೂಲುತ್ತಿದ್ದ. ನನ್ನ ಸಂಕಟವನ್ನೆಲ್ಲ ಕೇಳಿದ. ಮೇಕೆಯ ಪ್ರಕರಣ ಬಂದಾಗ ಕದಿರು ನಿಲ್ಲಿಸಿ, ಕೆಮ್ಮುವ ನೆಪದಲ್ಲಿ ಆ ಕಡೆ ತಿರುಗಿ ನಕ್ಕ.

"ಅದು ನಿಮ್ಮ ಜೊತೆ ಇರಲಿ ಅಂತ ಆಸೆನಾ ಬುದ್ದಿ? ಇಲ್ಲ ಬಿಟ್ಟು ಹೋಗ್ತೀರಾ?" ಎಂದ. "ಬಿಟ್ರೆ ಇಟ್ಕಂತೀನಿ. ಆದ್ರೆ ಕಾಲು ಸೊಟ್ಟ. ಹಿಂದುಳೀತೈತೆ. ಹಿಂದುಳಿದದ್ದನ್ನ ಕಿರುಬ ಬಿಡಾಕಿಲ್ಲ."

"ಬಿಡೋದಿಲ್ಲ. ಹಗ್ಗ ಕಲಿಸಬೇಕು."

"ಹೆಂಗೆ ಕಲಿಸ್ತಿದ್ರಿ? ಹಗ್ಗ ತೆಗೀರಿ. ನಾನೇ ನಾಯಿ ಅನ್ಕಳ್ರಿ. ನಡೆಸ್ರಿ."

ಸುತ್ತಲೂ ನೋಡಿದೆ. ಕುರಿಗಳನ್ನು ಬಿಟ್ಟು ಸಾಕ್ಷಿಗಳಿರಲಿಲ್ಲ. ಹಗ್ಗದ ಒಂದು ತುದಿಯನ್ನು ಮುದುಕ ಮುಷ್ಟಿಯಲ್ಲಿ ಹಿಡಿದುಕೊಂಡ. ಇನ್ನೊಂದನ್ನು ನಾನು ಹಿಡಿದು ನಾಲ್ಕು ಹೆಜ್ಜೆ ನಡೆದು, ಅಭ್ಯಾಸದಂತೆ ತಿರುಗಿ, "ಬಾ" ಎಂದೆ. ಮುದುಕ ಕೂಳೆಯ ಮೇಲೆ ಚಕ್ಕಳಮಕ್ಕಳ ಹಾಕಿ ಕುಳಿತುಬಿಟ್ಟ.

"ಯಾಕಜ್ಜ, ಕುಂತ್ಕಂಡ್ರಿ?"

"ನೀವೇ ಕುಂದ್ರು ಅಂದ್ರಲ್ಲ ಬುದ್ದಿ."

"ನಾನೆಲ್ಲಂದೆ?"

"ತಿರುಗಿ ನಿಂತ್ರಲ್ಲ" ಎಂದ. ಎದ್ದು ಧೂಳು ಕೊಡವಿಕೊಂಡು, ಮಂದೆಯ ಮುಂದಕ್ಕೆ ಹೋಗಿ, ಬೆನ್ನು ಹಾಕಿ ನಡೆಯತೊಡಗಿದ. ಮಂದೆ ಎದ್ದು ಹಿಂದೆ ಹರಿಯಿತು. ಎರಡು ನಾಯಿಗಳು ಇಕ್ಕೆಲದಲ್ಲಿ ಹೊರಟವು. ಐವತ್ತು ಹೆಜ್ಜೆ ಹೋಗಿ ಮುದುಕ ಒಂದು ಮಾತೂ ಆಡದೆ ಗಿರ್ರನೆ ತಿರುಗಿ ಮಂದೆಗೆ ಮುಖ ಮಾಡಿ ನಿಂತ. ಎರಡು ನಾಯಿಗಳೂ ಇದ್ದಲ್ಲೇ ಕುಳಿತವು. ಕುರಿಗಳು ನಿಂತವು.

"ಮಂದೆ ಮುಂದೆ ಹೋಗೋನು ಬೆನ್ನು ತೋರಿಸಿದ್ರೆ ನಡೀಬೇಕು. ಮುಖ ತೋರಿಸಿದ್ರೆ ನಿಲ್ಲಬೇಕು. ಮರಿ ಇದ್ದಾಗಿಂದ ಅದೇ ಪಾಠ" ಎಂದ. "ನಿಮ್ಮ ನಾಯಿ ಹಟ ಮಾಡ್ತಿಲ್ಲ ಬುದ್ದಿ. ಹೇಳಿದ ಮಾತು ಕೇಳ್ತಾ ಐತೆ. ಹನ್ನೆರಡು ದಿನದಿಂದ ಕೇಳ್ತಾ ಐತೆ."

ನನಗೆ ನಾಚಿಕೆಯಾಯಿತು. ಕತ್ತು ಹಿಡಿದು ಎಳೆದರೂ, ಬೆಲ್ಲ ತೋರಿಸಿದರೂ, ನೂಕಿದರೂ ಕೊಟ್ಟ ಆಜ್ಞೆಯನ್ನು ಬಿಡದೆ ಪಾಲಿಸಿದ ಪ್ರಾಣಿಯನ್ನು ನಾನು ಹಟಮಾರಿ ಎಂದು ಬೈದಿದ್ದೆ. ಕಚೇರಿಯಲ್ಲಿ ಇಂಥ ಒಬ್ಬ ನೌಕರನಿದ್ದಿದ್ದರೆ ಬಡ್ತಿ ಕೊಡಿಸುತ್ತಿದ್ದೆವು.

ಹೊರಡುವಾಗ ಮುದುಕ ತನ್ನ ಹೆಗಲ ಕಂಬಳಿ ತೆಗೆದು ನನಗೆ ಹೊದಿಸಿದ. "ಅದು ನೋಡಾದು ಬೆನ್ನು. ನಿಮ್ಮ ಕೋಟಿನ ಬೆನ್ನು ಅದಕ್ಕೆ ಗುರ್ತಿಲ್ಲ. ಇದನ್ನ ಹೊದ್ಕಂಡು ಹೋಗ್ರಿ. ಹಗ್ಗ ಸಡಿಲ ಇರಲಿ. ಒಂದೇ ಮಾತು, ಯಾರು ಕರೀಲಿ, ಏನಾರ ಆಗ್ಲಿ, ತಿರುಗ್ಬ್ಯಾಡ್ರಿ. ಒಂದು ಸಲ ತಿರುಗಿದ್ರಿ, ಅದು ಕುಂತ್ಕಂತೈತೆ. ಕುಂತದ್ದು ಮತ್ತೆ ಯಾವಾಗ ಏಳ್ತೈತೋ ಆ ಶಿವನಿಗೇ ಗೊತ್ತು."

ಎರಡು ದಿನ ಬೆಳಗಿನ ಜಾವ ಬೆಟ್ಟದ ಬುಡದ ಹಾದಿಯಲ್ಲಿ ಅಭ್ಯಾಸ ಮಾಡಿದೆವು. ಹಿಂದೆ ನಾಯಿ ಬರುತ್ತಿದೆಯೋ ಇಲ್ಲವೋ ಎಂದು ತಿಳಿಯದೆ, ಸಡಿಲ ಹಗ್ಗದ ತುದಿಯನ್ನು ಹಿಡಿದು ಮುಂದಕ್ಕೇ ನೋಡುತ್ತ ನಡೆಯುವುದು ಎಷ್ಟು ಕಷ್ಟ ಎಂದು ಹೇಳಿದರೆ ನೀವು ನಗುತ್ತೀರಿ. ಕತ್ತು ತಾನೇ ತಾನಾಗಿ ತಿರುಗುತ್ತದೆ. ಹಗ್ಗ ಬಿಚ್ಚಿಹೋಯಿತೇ, ನಾಯಿ ಹೋಯಿತೇ, ನಾನು ಬರಿಯ ಹಗ್ಗ ಎಳೆದುಕೊಂಡು ಹೋಗುತ್ತಿದ್ದೇನೆಯೇ ಎಂದು ಹೆಜ್ಜೆಹೆಜ್ಜೆಗೂ ಅನುಮಾನ. ನಮ್ಮಾಕೆ ಹಿಂದಿನಿಂದ ಕೂಗುತ್ತಿದ್ದಳು:

"ಬರ್ತಾ ಐತೆ! ತಿರುಗ್ಬ್ಯಾಡ್ರಿ! ಅಯ್ಯೋ, ಕಿವಿ ಯಾಕೆ ತಿರುಗಿಸ್ತೀರಿ, ಕಿವೀನೂ ನೋಡ್ತೈತೆ ಅದು!"

ಹದಿನಾಲ್ಕನೆಯ ದಿನ ಸಂಜೆ ಕಚೇರಿ ಬಿಟ್ಟ ಮೇಲೆ ಬಿಲ್ಲೆಗೆ ಹೊರಟೆವು. ತಲೆಗೆ ರುಮಾಲು, ಮೈಗೆ ಕೋಟು, ಕೋಟಿನ ಮೇಲೆ ಕುರಿಯ ವಾಸನೆಯ ಕರಿಯ ಕಂಬಳಿ. ಬೇಸಗೆಯ ಸೆಕೆ. ನಮ್ಮಾಕೆ ದೊಡ್ಡಪೇಟೆಯ ತುದಿಯವರೆಗೆ ಬಂದು ಅಲ್ಲೇ ಒಂದು ಬಳೆಯ ಅಂಗಡಿಯ ಜಗಲಿಯ ಹತ್ತಿರ ನಿಂತಳು. ಅಲ್ಲಿಂದ ಮುಂದೆ "ಬರ್ತಾ ಐತೆ" ಎಂದು ಹೇಳುವವರು ಯಾರೂ ಇಲ್ಲ.

ಅಂಗಡಿಗಳವರೆಲ್ಲ ಹೊರಗೆ ಬಂದರು.

"ಏನ್ ಗುಮಾಸ್ತ್ರೆ, ಕುರಿ ಎಲ್ಲಿ?"

"ಹಿಂದೆ ಐತಲ್ಲ, ಕಾಣ್ತಿಲ್ಲೇನು?" ಎಂದು ಇನ್ನೊಬ್ಬ.

"ಸರ್ಕಾರ ಸಂಬಳ ಕೊಡಾದು ನಿಲ್ಲಿಸ್ತೇನ್ರಿ?"

ನಾನು ಮದುವೆಯ ಮೆರವಣಿಗೆಯಲ್ಲಿ ಕೂತ ಗಂಡಿನಂತೆ ನೇರ ಮುಂದಕ್ಕೆ ನೋಡುತ್ತ ನಡೆದೆ. ಅರ್ಧ ಬೀದಿ ದಾಟಿದೆ. ದೂರದಲ್ಲಿ ಚಾವಡಿಯೂ ಅದರ ಪಕ್ಕದ ಆ ಗಾಡಿಯೂ ಕಂಡವು. ಆಗ ಹಿಂದಿನಿಂದ ಒಂದು ದನಿ.

"ಏನ್ರೀ! ಸ್ವಲ್ಪ ನಿಂತ್ಕೊಳ್ಳಿ!"

ನಮ್ಮ ಶಿರಸ್ತೇದಾರರು. ಮೈಸೂರು ಕಡೆಯವರು. ಅವರು ಹೀಗೆ ಕರೆದರೆ ಗುಮಾಸ್ತರು ಊಟದ ಎಲೆ ಬಿಟ್ಟು ಏಳುತ್ತಿದ್ದರು. ನನ್ನ ಹಂಗಾಮಿ ಕೆಲಸವನ್ನು ಕಾಯಂ ಮಾಡುವ ಕಾಗದ ಆ ವಾರವೇ ಅವರ ಮೇಜಿನ ಮೇಲಿತ್ತು.

ತಿರುಗಿದರೆ ನಾಯಿ ಕೂರುತ್ತದೆ. ಕೂತರೆ ಎಳೆಯಬೇಕು, ಎಳೆದರೆ ಬಿಲ್ಲೆಯಿಲ್ಲ. ನಾಳೆ ಒಂದೇ ದಿನ ಉಳಿದಿದೆ. ನಾಳೆ ಏಳುತ್ತದೆ ಎಂದು ಏನು ಭರವಸೆ? ಇಷ್ಟನ್ನೂ ಎರಡು ಹೆಜ್ಜೆಯಲ್ಲಿ ಯೋಚಿಸಿದೆ. ಮುಂದಕ್ಕೇ ಮುಖ ಮಾಡಿ, ಎದುರಿಗಿದ್ದ ಖಾಲಿ ಬೀದಿಗೆ ಬಗ್ಗಿ ನಮಸ್ಕಾರ ಮಾಡಿ, "ಅಪ್ಪಣೆಯಾಗಲಿ ಸ್ವಾಮಿ!" ಎಂದು ಗಟ್ಟಿಯಾಗಿ ಹೇಳಿ, ನಡೆದೆ.

"ನಿಂತ್ಕೊಳ್ಳಿ ಅಂದ್ರೆ!"

"ಅಪ್ಪಣೆ ಸ್ವಾಮಿ!" ನಡೆದೆ.

"ಕಿವಿ ಕೇಳಿಸೋದಿಲ್ವೇನ್ರೀ!"

"ಕೇಳಿಸ್ತದೆ ಸ್ವಾಮಿ!" ನಡೆದೆ. ಬೀದಿಯ ನಗು ನಿಂತುಹೋಯಿತು. ಮೆಟ್ಟಿನ ಸದ್ದು ಮಾತ್ರ ಹಿಂದಿನಿಂದ ಬರತೊಡಗಿತು. ನಾಯಿಯ ಸದ್ದು ಕೇಳಿಸುತ್ತದೆಯೇ ಎಂದು ಆಲಿಸಿದೆ. ಇಲ್ಲ. ಅದರ ಹೆಜ್ಜೆ ಧೂಳಿನಲ್ಲಿ ಯಾವತ್ತೂ ಕೇಳಿಸುತ್ತಿರಲಿಲ್ಲ.

ಚಾವಡಿಯ ಮೆಟ್ಟಿಲು ಸಿಕ್ಕಿತು. ದಫೇದಾರ ಬಿಲ್ಲೆಗಳ ಪೆಟ್ಟಿಗೆಯ ಹಿಂದೆ ಕುಳಿತು ನನ್ನ ಬೆನ್ನಿನಾಚೆ ಬಾಯಿ ತೆರೆದು ನೋಡುತ್ತಿದ್ದ. ತಿರುಗುವ ಧೈರ್ಯ ಇನ್ನೂ ಬರಲಿಲ್ಲ.

"ದಫೇದಾರ್ರೇ, ಹಿಂದೆ ನಾಯಿ ಐತಾ?"

ದಫೇದಾರ ಎದ್ದು ನಿಂತು ಸೊಂಟದ ಪಟ್ಟಿ ಸರಿಮಾಡಿಕೊಂಡ.

"ಐತೆ ಸಾಹೇಬ್ರೆ. ಅದರ ಹಿಂದೆ ಶಿರಸ್ತೇದಾರ್ರೂ ಅವ್ರೆ."

ತಿರುಗಿದೆ. ನಾಯಿ ಕುಳಿತುಕೊಂಡಿತು. ಅದರ ಹಿಂದೆ ಶಿರಸ್ತೇದಾರರು ನಿಂತುಕೊಂಡರು. ಇಬ್ಬರೂ ನನ್ನ ಮುಖವನ್ನೇ ನೋಡುತ್ತಿದ್ದರು, ಇಬ್ಬರಿಗೂ ಏದುಸಿರು. ದಫೇದಾರ ಹಿತ್ತಾಳೆಯ ಬಿಲ್ಲೆಯನ್ನು ಕೊರಳಪಟ್ಟಿಗೆ ಕಟ್ಟಿದ. ಶಿರಸ್ತೇದಾರರು ಬಿಲ್ಲೆಯನ್ನೊಮ್ಮೆ ನೋಡಿ ಹೊರಟುಹೋದರು. ಬೀದಿಯ ಆ ತುದಿಯಲ್ಲಿ ನಮ್ಮಾಕೆ ಕುಣಿಯುತ್ತಿದ್ದಳೆಂದು ಆಮೇಲೆ ಬಳೆಯ ಅಂಗಡಿಯವರು ಹೇಳಿದರು. ಆಕೆ ಇಂದಿಗೂ ಒಪ್ಪುವುದಿಲ್ಲ.

ಮಾರನೆಯ ಬೆಳಿಗ್ಗೆ ನನ್ನ ಮೇಜಿನ ಮೇಲೆ ಒಂದು ಚೀಟಿ: ಸಾರ್ವಜನಿಕ ಬೀದಿಯಲ್ಲಿ ಮೇಲಧಿಕಾರಿ ಕರೆದಾಗ ತಿರುಗದೆ ಹೋದ ಬಗ್ಗೆ ಬರಹದಲ್ಲಿ ಸಮಜಾಯಿಷಿ ಕೊಡುವುದು. ಕೊಟ್ಟೆ. ಬೆನ್ನು, ಮುಖ, ಮಂದೆ, ಮುದುಕ, ಎಲ್ಲವನ್ನೂ ಒಂದೂವರೆ ಹಾಳೆಯಲ್ಲಿ ಬರೆದು, ಕೆಲಸ ಹೋಯಿತೆಂದು ಕುಳಿತೆ. ಮಧ್ಯಾಹ್ನ ಕಾಗದ ವಾಪಸು ಬಂತು. ಅಂಚಿನಲ್ಲಿ ಅವರ ಕೈಬರಹದ ಷರಾ:

"ಓದಿದೆ. ಹಗ್ಗ ಎಷ್ಟು ಮೊಳ ಇರಬೇಕು, ಕಂಬಳಿ ಹೇಗೆ ಹೊದೆಯಬೇಕು ಎಂಬುದು ಇದರಲ್ಲಿ ಕಂಡುಬರುವುದಿಲ್ಲ. ಈ ದಿನವೇ ಮೂರು ಗಂಟೆಗೆ ಕಂಬಳಿ ಸಮೇತ ನಮ್ಮ ಮನೆಗೆ ಬಂದು ತಿಳಿಸುವುದು. ಜರೂರು."

ಅವರ ಮನೆಯಲ್ಲೂ ಒಂದು ನಾಯಿಯಿತ್ತು. ಬಿಲ್ಲೆಗೆ ಅದೇ ಕೊನೆಯ ದಿನ. ಹಿಂದಿನ ಸಂಜೆ ಅವರು ಬೀದಿಯಲ್ಲಿ ಕೂಗಿದ್ದು, ಇದಕ್ಕೆ ಹಗ್ಗ ಹೇಗೆ ಕಲಿಸಿದಿರಿ ಎಂದು ಕೇಳಲಿಕ್ಕೆ. ಅವರದು ಜನ್ಮದಲ್ಲಿ ಕುರಿಯನ್ನೇ ಕಂಡಿರದ ಮನೆನಾಯಿ. ಆದರೂ ಮುಖ ತೋರಿಸಿ ಎಳೆಯುವವರನ್ನು ಬಿಟ್ಟು ಬೆನ್ನು ತೋರಿಸಿ ನಡೆಯುವವರ ಹಿಂದೆ ಬಂತು. ಜರಿಯ ರುಮಾಲಿನ ಶಿರಸ್ತೇದಾರರು ಕಂಬಳಿ ಹೊದ್ದು ಮುಂದೆ, ನಾಯಿ ನಡುವೆ, ಐದು ಹೆಜ್ಜೆ ಹಿಂದೆ ಹಂಗಾಮಿ ಗುಮಾಸ್ತ. "ಬರ್ತಾ ಇದೆಯೇನ್ರೀ?" "ಬರ್ತಾ ಐತೆ ಸ್ವಾಮಿ, ದಯವಿಟ್ಟು ತಿರುಗಬೇಡಿ." ದೊಡ್ಡಪೇಟೆ ಅಂದು ನಗಲಿಲ್ಲ. ಶಿರಸ್ತೇದಾರರು ಮಾಡಿದ್ದನ್ನು ಪದ್ಧತಿ ಎನ್ನುತ್ತಾರೆ.

ನಮ್ಮ ನಾಯಿ ಆಮೇಲೆ ಏಳು ವರ್ಷ ನಮ್ಮೊಂದಿಗಿತ್ತು. ದಿನಾ ಸಂಜೆ ಬೆಟ್ಟದ ಬುಡದ ಹಾದಿಯಲ್ಲಿ ಹೋಗುತ್ತಿದ್ದೆವು. ಮುಂದೆ ನಾನು, ಹಿಂದೆ ನಾಯಿ, ಅದರ ಹಿಂದೆ ನಮ್ಮಾಕೆ. ಗಂಡನ ಹಿಂದೆ ಹೆಂಡತಿ ನಡೆಯುವುದು ಆ ಕಾಲದ ಮರ್ಯಾದೆಯಾದ್ದರಿಂದ ಯಾರೂ ಏನೂ ಅನ್ನಲಿಲ್ಲ. ನಾನು ತಿರುಗುವುದಿಲ್ಲ ಎಂಬ ಧೈರ್ಯಕ್ಕೆ ಆಕೆಯ ಮಾತು ಬಿಚ್ಚಿಕೊಂಡಿತು. ಮುಖ ನೋಡಿ ನನಗೆ ಹೇಳಲಾಗದ್ದನ್ನೆಲ್ಲ ನಾಯಿಗೆ ಹೇಳುತ್ತಿದ್ದಳು. ಯಜಮಾನರ ಮನೆಯ ಹೊಗೆ, ನನ್ನ ಸಿಟ್ಟು, ಬೇಳೆ ಬೇಯದ ಬಾವಿಯ ನೀರು, ತವರಿನ ಬೇವಿನ ಮರ. ನಮ್ಮ ಸಂಸಾರದ ಮೊದಲ ವರ್ಷಗಳನ್ನು ನಾನು ಕೇಳಿದ್ದು ಬೆನ್ನಿನಿಂದ.

"ನೋಡಪ್ಪ" ಎಂದಳು ಒಂದು ಸಂಜೆ, "ಈ ಸಲ ಹಬ್ಬಕ್ಕೆ ಐಮಂಗಲಕ್ಕೆ ಕಳಿಸ್ತಾರೋ ಇಲ್ಲೋ, ನೀನೇ ಕೇಳು ಅವರನ್ನ."

ನಾನು ಎದುರಿನ ಬಂಡೆಗಳನ್ನು ನೋಡುತ್ತ, ನಡಿಗೆ ನಿಲ್ಲಿಸದೆ, "ಕಳಿಸ್ತಾರಂತೆ ಅಂತ ಹೇಳಪ್ಪ" ಎಂದೆ.